ನಡೆಯದ ಇತಿಹಾಸವನ್ನು ಎಲ್ಲಿಯವರೆಗೆ ಬರೆಯಬಹುದು?

ಇತಿಹಾಸದಲ್ಲಿ ‘ಹೀಗಾಗದಿದ್ದರೆ’ ಎಂದು ಕೇಳುವ ವಿಧಾನವನ್ನು ಕಲಿಸುವವನು ನಾನು. ಸಮಾನಾಂತರ ವಿಶ್ವಗಳ ಇತಿಹಾಸವನ್ನು ದಾಖಲಿಸುವ ಶಾಸ್ತ್ರವೇ ಅದೆಂದು ಭಾವಿಸಿ ಓದುಗರು ಬರೆಯುತ್ತಲೇ ಇದ್ದಾರೆ. ಮತ್ತೆ ಮತ್ತೆ ಬರುವ ಪ್ರಶ್ನೆಗಳಿಗಷ್ಟೇ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: 1914ರಲ್ಲಿ ಸರಾಯೆವೊ ನಗರದಲ್ಲಿ ಆಸ್ಟ್ರಿಯಾ-ಹಂಗೇರಿಯ ಯುವರಾಜ ಫ್ರಾಂಜ್ ಫರ್ಡಿನಾಂಡ್‌ನ ಕಾರಿನ ಚಾಲಕ ದಾರಿ ತಪ್ಪದಿದ್ದರೆ ಮೊದಲ ಮಹಾಯುದ್ಧವೇ ನಡೆಯದ ವಿಶ್ವವೊಂದು ಇರುತ್ತಿತ್ತಲ್ಲವೇ? ಅದರ ಇತಿಹಾಸ ಬರೆಯುವುದು ಹೇಗೆ?

ಉತ್ತರ: ಮೊದಲು ಆ ಸ್ಯಾಂಡ್‌ವಿಚ್ ಕತೆಯನ್ನು ಕೈಬಿಡಿ. ಹಂತಕ ಗವ್ರಿಲೊ ಪ್ರಿನ್ಸಿಪ್ ಸ್ಯಾಂಡ್‌ವಿಚ್ ತಿನ್ನಲು ಹೋಗಿದ್ದಾಗ ಕಾರು ತಾನಾಗಿ ಎದುರಿಗೆ ಬಂತೆಂಬುದಕ್ಕೆ ವಿಚಾರಣೆಯ ದಾಖಲೆಗಳಲ್ಲಿ ಆಧಾರವಿಲ್ಲ. ಮೆರವಣಿಗೆಗೆ ಮೊದಲೇ ಗೊತ್ತುಮಾಡಿದ್ದ ಮಾರ್ಗದಲ್ಲಿಯೇ ಅವನು ಕಾದು ನಿಂತಿದ್ದ. ಜೂನ್ 28ರ ಆ ಬೆಳಿಗ್ಗೆ ಅವನ ಜೊತೆಗಾರನೊಬ್ಬ ಎಸೆದ ಬಾಂಬು ಯುವರಾಜನ ಕಾರಿಗೆ ತಗುಲಿ ಪುಟಿದು, ಹಿಂದಿನ ಕಾರಿನ ಬಳಿ ಸಿಡಿದಿತ್ತು. ಗಾಯಾಳುಗಳನ್ನು ನೋಡಲು ಆಸ್ಪತ್ರೆಗೆ ಹೊರಟಾಗ ನದಿಯ ದಂಡೆಗುಂಟ ನೇರವಾಗಿ ಸಾಗುವುದೆಂದು ನಿರ್ಧಾರವಾಯಿತು. ಆದರೆ ಅದನ್ನು ಚಾಲಕನಿಗೆ ಯಾರೂ ಹೇಳಲಿಲ್ಲ. ಲ್ಯಾಟಿನ್ ಸೇತುವೆಯ ಬಳಿ ಅವನು ಹಳೆಯ ಮಾರ್ಗದಂತೆ ತಿರುಗಿದ, ಗವರ್ನರ್ ಪೊಟಿಯೊರೆಕ್ ತಡೆದು ಕೂಗಿದ, ಕಾರು ಪ್ರಿನ್ಸಿಪ್‌ನಿಂದ ಕೆಲವೇ ಹೆಜ್ಜೆಗಳ ದೂರದಲ್ಲಿ ನಿಂತಿತು, ಅವನು ಹಾರಿಸಿದ ಗುಂಡಿಗೆ ಯುವರಾಜ ಬಲಿಯಾದ.

ಹಾಗಾಗಿ ಚಾಲಕ ದಾರಿ ತಪ್ಪಿದವನಲ್ಲ, ಬದಲಾದ ದಾರಿಯ ಸುದ್ದಿ ತಲುಪದವನು. ಈ ವ್ಯತ್ಯಾಸದ ಮೇಲೆಯೇ ನಮ್ಮ ಕೆಲಸ ನಿಂತಿದೆ, ಏಕೆಂದರೆ ಇತಿಹಾಸ ಬೇರೆ ದಾರಿ ಹಿಡಿಯಬಹುದಾಗಿದ್ದ ಕವಲನ್ನು ಅತ್ಯಲ್ಪ ಬದಲಾವಣೆ ಸಾಕಾಗುವ ಜಾಗದಲ್ಲಿ ಗುರುತಿಸಬೇಕು, ಆ ಬದಲಾವಣೆಯೂ ಅಂದಿನವರ ಕೈಗೆ ಎಟುಕುವಂಥದ್ದಾಗಿರಬೇಕು. ಚಾಲಕನ ಕಿವಿಗೆ ಒಂದು ವಾಕ್ಯ ಬಿದ್ದಿತೆಂದು ಕಲ್ಪಿಸಿಕೊಳ್ಳಿ; ಅದಕ್ಕಿಂತ ಹೆಚ್ಚಿನದು ಬೇಡ.

ಆಗ ಬದುಕುಳಿಯುವವನು ಯಾರು? ಸರ್ಬಿಯಾದ ಮೇಲಿನ ಯುದ್ಧವನ್ನು ವಿರೋಧಿಸುತ್ತಿದ್ದ ಯುವರಾಜ. ಆಸ್ಟ್ರಿಯಾ-ಹಂಗೇರಿಯ ಸೇನಾ ಮುಖ್ಯಸ್ಥ ಕಾನ್ರಾಡ್ 1913ರಲ್ಲಿ ಪದೇ ಪದೇ ಯುದ್ಧಕ್ಕೆ ಒತ್ತಾಯಿಸುತ್ತಿದ್ದಾಗ ಅವನಿಗೆ ಅಡ್ಡ ನಿಂತವರಲ್ಲಿ ಈತನೇ ಪ್ರಮುಖ. ಆ ಗುಂಡು ಯುದ್ಧಕ್ಕೊಂದು ನೆಪವನ್ನು ಒದಗಿಸಿದ್ದಲ್ಲದೆ ಯುದ್ಧವನ್ನು ತಡೆಯುತ್ತಿದ್ದ ಕೈಯನ್ನೂ ಕತ್ತರಿಸಿತು. ಹಾಗಾಗಿ ಆಸ್ಟ್ರಿಯಾ-ಹಂಗೇರಿ ಸರ್ಬಿಯಾಕ್ಕೆ ಕೊಟ್ಟ ಜುಲೈ 23ರ ಅಂತಿಮ ಎಚ್ಚರಿಕೆಯ ಪತ್ರವಾಗಲಿ, 28ರ ಯುದ್ಧಘೋಷಣೆಯಾಗಲಿ ಆ ಬೇಸಿಗೆಯಲ್ಲಿ ಬರುತ್ತಿರಲಿಲ್ಲವೆಂದು ನಾನು ಧೈರ್ಯವಾಗಿ ಬರೆಯಬಲ್ಲೆ.

ಅಲ್ಲಿಂದ ಮುಂದೆ ನನ್ನ ಲೇಖನಿ ನಿಲ್ಲುತ್ತದೆ. ರಷ್ಯಾದ ಸೇನಾ ವಿಸ್ತರಣೆ 1917ರ ಹೊತ್ತಿಗೆ ಮುಗಿಯಲಿದೆಯೆಂಬ ಜರ್ಮನ್ ಸೇನಾಧಿಪತಿಗಳ ಭಯವೂ ಬಾಲ್ಕನ್ ವೈಷಮ್ಯಗಳೂ ಆ ಕವಲಿನಲ್ಲಿ ಹಾಗೆಯೇ ಇರುತ್ತವೆ, ಇನ್ನೊಂದು ಕಿಡಿ ಸಾಕಾಗುತ್ತಿತ್ತು. ಆ ವಿಶ್ವದ 1939ರ ಬಗ್ಗೆ ವಿವರವಾಗಿ ಬರೆಯುವವರು ಊಹೆಯನ್ನು ಇತಿಹಾಸವೆಂದು ಮಾರುತ್ತಿದ್ದಾರೆ. ಕವಲಿನಿಂದ ಮೂರು ಹೆಜ್ಜೆ ದಾಟಿದ ವಿದ್ಯಾರ್ಥಿಯ ಪ್ರಬಂಧವನ್ನು ನಾನು ಹಿಂದಿರುಗಿಸುತ್ತೇನೆ. ಇದು ಅತಿಯಾದ ಎಚ್ಚರವೆಂದು ಸಹೋದ್ಯೋಗಿಗಳು ಆಕ್ಷೇಪಿಸುತ್ತಾರೆ. ಆದರೂ ನಾನು ಬದಲಾಗುವುದಿಲ್ಲ.

ಪ್ರಶ್ನೆ: ಭೌತವಿಜ್ಞಾನಿ ಹ್ಯೂ ಎವರೆಟ್ 1957ರಲ್ಲೇ ಇಂಥ ವಿಶ್ವಗಳನ್ನು ಸೂಚಿಸಿದ್ದಾನಲ್ಲ, ಅಲ್ಲಿಂದ ದಾಖಲೆ ತರಲಾಗದೇ?

ಉತ್ತರ: ಆಗದು. ಸಾಧ್ಯವಿರುವ ಪ್ರತಿ ಫಲಿತಾಂಶವೂ ಒಂದೊಂದು ಕವಲಿನಲ್ಲಿ ನಡೆಯುತ್ತದೆಂಬ ಅವನ ಕ್ವಾಂಟಂ ವ್ಯಾಖ್ಯಾನವನ್ನು ಒಪ್ಪಿದರೂ, ಬೇರ್ಪಟ್ಟ ಕವಲುಗಳ ನಡುವೆ ಸುದ್ದಿ ದಾಟಿಸುವ ದಾರಿಯೇ ಇಲ್ಲ. ನಮಗಿರುವುದು ಈ ವಿಶ್ವದ ಕಾಗದಪತ್ರಗಳು ಮಾತ್ರ.

ಪ್ರಶ್ನೆ: ಮಂಡೇಲಾ 1980ರ ದಶಕದಲ್ಲಿ ಜೈಲಿನಲ್ಲೇ ಸತ್ತರೆಂದು ಹಲವರಿಗೆ ನೆನಪಿರುವುದು ಬೇರೆ ವಿಶ್ವಕ್ಕೆ ಸಾಕ್ಷಿಯೇ?

ಉತ್ತರ: ಅಲ್ಲ, ಅದು ನೆನಪಿನ ದೋಷ, ಅವರು 1990ರಲ್ಲಿ ಬಿಡುಗಡೆಯಾಗಿ, 2013ರಲ್ಲಿ ತೀರಿಕೊಂಡರು.

ಪ್ರಶ್ನೆ: ಧ್ಯಾನದ ಮೂಲಕ ಬೇರೆ ವಿಶ್ವಕ್ಕೆ ಜಿಗಿಯಲು ಕಲಿಸುವ ತರಬೇತಿಗೆ ಸೇರಬಹುದೇ?

ಉತ್ತರ: ಸೇರಬೇಡಿ. ಅದು ಹಣ ಕೀಳುವ ಮೋಸ.

ಪ್ರಶ್ನೆ: ನಡೆಯದ್ದನ್ನು ಕುರಿತು ಬರೆಯುವುದು ಕಾಲಹರಣವಲ್ಲವೇ?

ಉತ್ತರ: ಅಲ್ಲ. ಅರ್ಥಶಾಸ್ತ್ರಜ್ಞ ರಾಬರ್ಟ್ ಫೋಗೆಲ್ ರೈಲುಗಳೇ ಇಲ್ಲದ 1890ರ ಅಮೆರಿಕವನ್ನು ಕಲ್ಪಿಸಿ, ಸರಕನ್ನು ಕಾಲುವೆ ಮತ್ತು ಗಾಡಿಗಳಲ್ಲಿ ಸಾಗಿಸಿದ್ದರೆ ತಗಲುತ್ತಿದ್ದ ಖರ್ಚನ್ನು ಲೆಕ್ಕ ಹಾಕಿದ. ರೈಲಿಲ್ಲದೆ ಆ ದೇಶ ಬೆಳೆಯುತ್ತಲೇ ಇರಲಿಲ್ಲವೆಂಬ ನಂಬಿಕೆ ಆ ಲೆಕ್ಕದ ಮುಂದೆ ನಿಲ್ಲಲಿಲ್ಲ. ರೈಲಿನಿಂದಾದ ಉಳಿತಾಯ ರಾಷ್ಟ್ರೀಯ ಉತ್ಪನ್ನದ ಸಣ್ಣ ಪಾಲಷ್ಟೇ ಆಗಿತ್ತು.