ಪಾರಿವಾಳ ರೇಸಿನವರ ತಾರಸಿಯಲ್ಲಿ ಶೂಟಿಂಗ್ ಮಾಡುವುದು ಹೇಗೆ?

ಬೆಂಗಳೂರಿನ ಪಾರಿವಾಳ ರೇಸಿನವರ ಬಗ್ಗೆ ಸಾಕ್ಷ್ಯಚಿತ್ರ ಮಾಡಬೇಕು, ರೇಸಿನ ದಿನ ಹೋಗಿ ಶೂಟ್ ಮಾಡಿದರೆ ಸಾಕೇ ಎಂದು ಕೇಳಿದ್ದೀರಿ. ಸಾಲದು. ಅವತ್ತೇ ಮೊದಲ ಸಲ ತಾರಸಿ ಹತ್ತಿದರೆ ಅವರ ರೇಸನ್ನು ನೀವೇ ಕೆಡಿಸುತ್ತೀರಿ.

ದೂರದ ಊರಿನಲ್ಲಿ ಬಿಟ್ಟ ಹಕ್ಕಿ ಮನೆ ಮೇಲೆ ಬಂದು ಸುತ್ತು ಹೊಡೆದರೆ ಲೆಕ್ಕಕ್ಕಿಲ್ಲ. ಗೂಡಿನೊಳಗೆ ಇಳಿದು ಅದರ ಕಾಲಿನ ಗುರುತಿನ ರಿಂಗ್ ದಾಖಲಾದಾಗಲೇ ಸಮಯ ನಿಲ್ಲುವುದು. ಗುರುತಿಲ್ಲದ ಮನುಷ್ಯ, ಟ್ರೈಪಾಡ್ ಕಂಡರೆ ಅದು ನೀರಿನ ಟ್ಯಾಂಕ್ ಮೇಲೆ ಕೂತುಬಿಡುತ್ತದೆ. ಎಲ್ಲರ ಗೂಡೂ ಒಂದೇ ದೂರದಲ್ಲಿರುವುದಿಲ್ಲವಾದ್ದರಿಂದ ಗೆಲುವು ನಿಮಿಷಕ್ಕೆ ಎಷ್ಟು ಮೀಟರ್ ಎಂಬುದರ ಮೇಲೆ. 300 ಕಿ.ಮೀ. ದೂರದ ಗೂಡಿಗೆ 300 ನಿಮಿಷದಲ್ಲಿ ಬಂದ ಹಕ್ಕಿಯದು 1000 ಮೀಟರ್, 306 ಕಿ.ಮೀ. ದೂರದ ಗೂಡಿಗೆ 304 ನಿಮಿಷದಲ್ಲಿ ಬಂದದ್ದು ಸುಮಾರು 1007. ತಡವಾಗಿ ಬಂದದ್ದೇ ಗೆದ್ದಿತು. ಆದರೆ ಅದು ಟ್ಯಾಂಕ್ ಮೇಲೆ ಮೂರು ನಿಮಿಷ ಕೂತಿದ್ದರೆ ಸೋಲು. ಅವರು ಕೂತು ಈ ಲೆಕ್ಕ ಹಾಕುವುದನ್ನು ತಪ್ಪದೆ ಶೂಟ್ ಮಾಡಿ, ನೋಡುಗನಿಗೆ ಆಟ ಅರ್ಥವಾಗುವುದೇ ಅಲ್ಲಿ.

ಹಾಗಾಗಿ ಎರಡು ವಾರ ಮೊದಲೇ ಖಾಲಿ ಟ್ರೈಪಾಡನ್ನು ಅದೇ ಜಾಗದಲ್ಲಿ ಬಿಟ್ಟುಬನ್ನಿ. ಕಾಳು ಹಾಕುವ ಹೊತ್ತಿಗೆ ಹೋಗಿ, ಸುಮ್ಮನೆ ಕೂತಿರಿ. ಕಾಳಿನ ಡಬ್ಬಿ ಅಲ್ಲಾಡಿಸಿ ಹಕ್ಕಿಗಳನ್ನು ಕರೆಯುವ ಸದ್ದನ್ನು ಬೇರೆಯಾಗಿಯೇ ರೆಕಾರ್ಡ್ ಮಾಡಿಕೊಳ್ಳಿ. ತಾರಸಿ ಗಾಳಿಗೆ ಮೈಕ್ ಮೇಲೆ ತುಪ್ಪಳದ ಕವರ್ ಇರಲೇಬೇಕು. ಡ್ರೋನ್ ಬೇಡವೇ ಬೇಡ, ಹಕ್ಕಿಗಳು ಬೆದರಿ ಚೆದುರುತ್ತವೆ.

ಹಾರಾಟಕ್ಕೆ ಸೆಕೆಂಡಿಗೆ 100 ಫ್ರೇಮ್, ಶಟರ್ 1/1000 ಸೆಕೆಂಡಿನ ಆಸುಪಾಸು. 1/50ರಲ್ಲಿ ರೆಕ್ಕೆ ಬರೀ ಮಸುಕು. ಬಿಳಿ ಆಕಾಶದ ಎದುರು ಆಟೋ ಎಕ್ಸ್‌ಪೋಷರ್ ನಂಬಿದರೆ ಹಕ್ಕಿ ಕರಿ ನೆರಳಾಗುತ್ತದೆ, ಎಕ್ಸ್‌ಪೋಷರ್ ಒಂದು ಸ್ಟಾಪ್ (ಅಂದರೆ ಬೆಳಕು ಎರಡರಷ್ಟು) ಏರಿಸಿ. ಗೂಡಿನೊಳಗೆ ಟ್ಯೂಬ್‌ಲೈಟ್ ಇದ್ದರೆ ಮಾತ್ರ ಶಟರನ್ನು 1/50 ಅಥವಾ 1/100ಕ್ಕೆ ಇಳಿಸಿ, ಇಲ್ಲವಾದರೆ ಚಿತ್ರ ಮಿಣುಕುತ್ತದೆ.

ಮರಿಗೆ ರಿಂಗ್ ಹಾಕುವ ದೃಶ್ಯ ಕಾಯುವುದಿಲ್ಲ. ಮರಿಗೆ ಸುಮಾರು ಒಂದು ವಾರವಾದಾಗ ಮುಂದಿನ ಮೂರು ಬೆರಳು ಜೋಡಿಸಿ ರಿಂಗ್ ತೂರಿಸಿ, ಕಾಲಿನ ಮೇಲಕ್ಕೆ ಸರಿಸಿ, ಹಿಂದಿನ ಬೆರಳನ್ನು ಮೆಲ್ಲಗೆ ಹೊರಗೆಳೆಯುತ್ತಾರೆ. ನಾಲ್ಕು ದಿನ ತಡವಾದರೆ ಪಾದ ದಪ್ಪವಾಗಿ ಒಳಗೆ ಹೋಗದು. ಮೊಟ್ಟೆ ಒಡೆದ ತಾರೀಖು ಕೇಳಿ ಬರೆದಿಟ್ಟುಕೊಳ್ಳಿ.

ಒಪ್ಪಿಗೆ ಪತ್ರ ಅವರು ಓದುವ ಭಾಷೆಯಲ್ಲಿರಲಿ, ಕನ್ನಡವೋ ತಮಿಳೋ ಉರ್ದುವೋ. ಮನೆ ನಂಬರ್, ಬೀದಿ ಬೋರ್ಡು, ರಿಂಗ್ ನಂಬರ್ ಫ್ರೇಮಿಗೆ ಬಂದರೆ ಎಡಿಟಿಂಗ್‌ನಲ್ಲಿ ಮಸುಕು ಮಾಡಿ. ಗೆದ್ದ ಹಕ್ಕಿಗೆ ಕಳ್ಳರ ಕಣ್ಣು ಬೇಗ ಬೀಳುತ್ತದೆ.