ಶುಲ್ಕ ಕಟ್ಟುವ ಗಡುವು ಮೀರಿದರೆ ಕೋರ್ಟ್ ಸೀಟು ಕೊಡಿಸುತ್ತದೆಯೇ?

ಸಾಮಾನ್ಯವಾಗಿ ಇಲ್ಲ. ತಪ್ಪು ವಿದ್ಯಾರ್ಥಿಯದಲ್ಲ ಎಂದು ದಾಖಲೆ ಸಮೇತ ತೋರಿಸಿ, ತಡಮಾಡದೆ ಕೋರ್ಟಿಗೆ ಹೋದರೆ ಅಪರೂಪಕ್ಕೆ ಸಿಗುತ್ತದೆ.

ಕೋರ್ಟುಗಳು ಬಿಗಿಯಾಗಿರಲು ಕಾರಣವಿದೆ. ಒಬ್ಬರ ಕೈತಪ್ಪಿದ ಸೀಟು ಮುಂದಿನ ಸುತ್ತಿನಲ್ಲಿ ಇನ್ನೊಬ್ಬರಿಗೆ ಹೋಗಿರುತ್ತದೆ. ಅದನ್ನು ಕಿತ್ತುಕೊಂಡರೆ ಏನೂ ತಪ್ಪು ಮಾಡದ ಆ ವಿದ್ಯಾರ್ಥಿಗೆ ಅನ್ಯಾಯ.

2024ರಲ್ಲಿ ಐಐಟಿ ಧನಬಾದ್‌ನಲ್ಲಿ ಸೀಟು ಸಿಕ್ಕಿದ್ದ ದಿನಗೂಲಿ ಕಾರ್ಮಿಕರ ಮಗನೊಬ್ಬ 17,500 ರೂಪಾಯಿ ಹೊಂದಿಸುವಷ್ಟರಲ್ಲಿ ಜೂನ್ 24ರ ಸಂಜೆ 5 ಗಂಟೆಯ ಗಡುವು ಮೀರಿತು. ಸುಪ್ರೀಂ ಕೋರ್ಟ್ ಸಂವಿಧಾನದ 142ನೇ ವಿಧಿಯನ್ನು, ಅಂದರೆ ಪೂರ್ಣ ನ್ಯಾಯ ಒದಗಿಸಲು ತನಗಷ್ಟೇ ಇರುವ ವಿಶೇಷ ಅಧಿಕಾರವನ್ನು, ಬಳಸಿ ಅವನನ್ನು ಅದೇ ಬ್ಯಾಚಿಗೆ ಸೇರಿಸಿಕೊಳ್ಳಲು ಆದೇಶಿಸಿತು. ಹೆಚ್ಚುವರಿ ಸೀಟು ಸೃಷ್ಟಿಸಿ, ಈಗಾಗಲೇ ಸೇರಿದ ಯಾರಿಗೂ ತೊಂದರೆ ಕೊಡಬೇಡಿ ಎಂದಿತು. ನನ್ನ ಪ್ರಕಾರ ತೀರ್ಪಿನ ಜೀವಾಳ ಇರುವುದು ಇಲ್ಲೇ. ಗಡುವಿನ ದಿನವೇ ಅವನು ಪೋರ್ಟಲ್‌ಗೆ ಲಾಗಿನ್ ಆಗಿದ್ದೂ ನೆರವಿಗೆ ಬಂತು.

ನಿಮ್ಮ ಪಾವತಿ ವಿಫಲವಾದರೆ ಸ್ಕ್ರೀನ್‌ಶಾಟ್, ಬ್ಯಾಂಕಿನ ಸಂದೇಶ ಉಳಿಸಿಕೊಂಡು ಅಂದೇ ಸಂಸ್ಥೆಗೆ ಇಮೇಲ್ ಮಾಡಿ. ತಿಂಗಳುಗಟ್ಟಲೆ ಸುಮ್ಮನಿದ್ದು ಆಮೇಲೆ ಹಾಕಿದ ಅರ್ಜಿ ನಿಲ್ಲುವುದು ತೀರಾ ಕಷ್ಟ.