ಗಟ್ಟಿಯಾಗಿದೆ ಅಂದರೆ ಇನ್ನೂ ಬೆಂದಿಲ್ಲ

ಸ್ಲೋ ಕುಕ್ಕರ್, ಅಂದರೆ ಮಂದ ಬಿಸಿಯಲ್ಲಿ ತಾಸುಗಟ್ಟಲೆ ಬೇಯಿಸುವ ಕರೆಂಟಿನ ಪಾತ್ರೆ, ಅದರಲ್ಲಿಟ್ಟ ಬೀಫ್ ಯಾಕೆ ಗಟ್ಟಿ? ಹೋದ ಮಳೆಗಾಲದಿಂದ ಈ ಒಂದೇ ಪ್ರಶ್ನೆ ಬೇರೆ ಬೇರೆ ಮಾತಿನಲ್ಲಿ ಬರುತ್ತಲೇ ಇದೆ. ಕಾರವಾರದ ಭಾನುವಾರದ ಸಂತೆಯಲ್ಲಿ ಬಸಳೆ ಕಟ್ಟು ಆರಿಸುತ್ತಿದ್ದಾಗಲೂ ಒಬ್ಬರು ಹಿಂದಿನಿಂದ ಬಂದು ಅದನ್ನೇ ಕೇಳಿದರು. ಹಾಗಾಗಿ ಈ ಸಲ ಮುಕ್ಕಾಲು ಜಾಗ ಅದಕ್ಕೇ. ಮಸಾಲೆ ಯಾವುದು, ಈರುಳ್ಳಿ ಎಷ್ಟು ಅಂತ ಇಲ್ಲಿ ಹೇಳಲ್ಲ. ನಿಮ್ಮ ಮನೆಯ ಮಸಾಲೆ ನಿಮಗೆ ಗೊತ್ತು.

"ದುಬೈಯಿಂದ ಅಣ್ಣ ಸ್ಲೋ ಕುಕ್ಕರ್ ತಂದುಕೊಟ್ಟಿದ್ದಾನೆ ಸರ್. ಬೀಫ್ ಬ್ರಿಸ್ಕೆಟ್ 'ಲೋ' ಬಿಸಿಯಲ್ಲಿ ಎಂಟು ತಾಸು ಇಡಿ ಅಂತ ವಿಡಿಯೊದಲ್ಲಿ ಹೇಳಿದ್ದರು. ಹಾಗೇ ಇಟ್ಟೆ. ರಬ್ಬರ್ ಜಗಿದ ಹಾಗಿತ್ತು. ಜಾಸ್ತಿ ಬೆಂದುಹೋಯ್ತಾ? ಮುಂದಿನ ಸಲ ಆರು ತಾಸಿಗೇ ತೆಗೆಯಲಾ?" (ಭಟ್ಕಳದ ಓದುಗರು)

ಬೇಡ. ಆರು ತಾಸಿಗೆ ತೆಗೆದರೆ ಇನ್ನೂ ಗಟ್ಟಿ ಇರುತ್ತದೆ. ನಿಮ್ಮ ಮಾಂಸ ಜಾಸ್ತಿ ಬೆಂದಿಲ್ಲ, ಕಡಿಮೆ ಬೆಂದಿದೆ. ಬರುವ ಪತ್ರಗಳಲ್ಲಿ ಹೆಚ್ಚಿನವು ಇದೇ ತಪ್ಪಿನಿಂದ ಹುಟ್ಟಿದವು. ಗಟ್ಟಿಯಾದ ಕೂಡಲೇ ಹೆದರಿ ಇಳಿಸಿಬಿಡುತ್ತಾರೆ. ಇನ್ನೆರಡು ತಾಸು ಬಿಟ್ಟಿದ್ದರೆ ಬೆಣ್ಣೆ ಹಾಗೆ ಆಗುತ್ತಿತ್ತು.

ಬ್ರಿಸ್ಕೆಟ್ ಅಂದರೆ ಎದೆಯ ಮಾಂಸ. ನಮ್ಮ ಅಂಗಡಿಗಳಲ್ಲಿ 'ಸೀನಾ' ಅಂತ ಕೇಳಿದರೆ ಕೊಡುತ್ತಾರೆ. ದನ, ಎಮ್ಮೆಗಳಿಗೆ ನಮ್ಮ ಹಾಗೆ ಕಾಲರ್ ಬೋನ್ ಇಲ್ಲ. ಮೈಭಾರದಲ್ಲಿ ಸುಮಾರು ಶೇಕಡಾ 60 ಮುಂಗಾಲುಗಳ ಮೇಲೆ ಬೀಳುತ್ತದೆ. ಆ ಭಾರವನ್ನು ಹಿಡಿದಿಡುವ ಕೆಲಸ ಈ ಎದೆಯ ಸ್ನಾಯುಗಳದ್ದು. ಜೀವಮಾನವಿಡೀ ದುಡಿದ ಸ್ನಾಯು. ಅದರ ಎಳೆಗಳನ್ನು ಬಿಗಿಯಾಗಿ ಕಟ್ಟಿ ಹಿಡಿಯುವುದು ಕೊಲಾಜನ್ ಎಂಬ ಪದಾರ್ಥ. ಪ್ರಾಣಿಗೆ ವಯಸ್ಸಾದಷ್ಟೂ ಆ ಕಟ್ಟು ಗಟ್ಟಿಯಾಗುತ್ತಾ ಹೋಗುತ್ತದೆ.

ಈಗ ನಿಮ್ಮ ವಿಡಿಯೊಗೆ ಬರೋಣ. ಅಮೆರಿಕದವರು ಬ್ರಿಸ್ಕೆಟ್ ಬೇಯಿಸುವುದು ಹೆಚ್ಚಾಗಿ ಎರಡು ವರ್ಷದ ಆಸುಪಾಸಿನ, ಕಾಳು ತಿನ್ನಿಸಿ ಕೊಬ್ಬಿಸಿದ ದನದ್ದು. ನಮ್ಮ ರಾಜ್ಯದಲ್ಲಿ 2020ರ ಜಾನುವಾರು ಕಾಯ್ದೆಯ ಪ್ರಕಾರ 13 ವರ್ಷ ದಾಟಿದ, ಪ್ರಮಾಣಪತ್ರ ಸಿಕ್ಕ ಎಮ್ಮೆ ಕೋಣಗಳನ್ನು ಮಾತ್ರ ಕಡಿಯಬಹುದು. ಹಾಗಾಗಿ ಲೈಸೆನ್ಸ್ ಇರುವ ಅಂಗಡಿಯಲ್ಲಿ ನೀವು 'ಬೀಫ್' ಅಂತ ಕೊಳ್ಳುವುದು ಮುದಿ ಎಮ್ಮೆಯ ಮಾಂಸ. ಕಪ್ಪುಗೆಂಪು ಬಣ್ಣ, ಬಿಳಿ ಕೊಬ್ಬು, ಅದೂ ಕಡಿಮೆ. ಎರಡು ವರ್ಷದ ಪ್ರಾಣಿಯ ಲೆಕ್ಕವನ್ನು 13 ವರ್ಷದ ಪ್ರಾಣಿಗೆ ಹಾಕಿದರೆ ಹೇಗೆ ಸರಿಹೋಗುತ್ತೆ ಹೇಳಿ? ತಪ್ಪು ನಿಮ್ಮದಲ್ಲ. ಯಾರಿಗೆ ಹೇಳುತ್ತಿದ್ದೇವೆ ಅಂತ ಯೋಚಿಸದೆ ಆ ವಿಡಿಯೊವನ್ನು ಕನ್ನಡಕ್ಕೆ ಇಳಿಸಿದವರದ್ದು.

ಒಳಗೆ ನಡೆಯುವುದು ಇಷ್ಟು. ಮಾಂಸದ ಒಳಗಿನ ಶಾಖ 60 ಡಿಗ್ರಿ ದಾಟಿದ ಮೇಲೆ ಕೊಲಾಜನ್ ಮುದುಡಿಕೊಳ್ಳುತ್ತದೆ, ಎಳೆಗಳನ್ನು ಹಿಂಡುತ್ತದೆ. ನೀರು ಹೊರಗೆ ಬರುತ್ತದೆ, ತುಂಡು ಸಣ್ಣದಾಗಿ ಬಿಗಿಯುತ್ತದೆ. ನೀವು ತಿಂದ ರಬ್ಬರ್ ಇದೇ. 70 ಡಿಗ್ರಿ ದಾಟಿದ ಮೇಲೆ ಅದೇ ಕೊಲಾಜನ್ ನಿಧಾನವಾಗಿ ಕರಗಿ ಜೆಲಟಿನ್ ಆಗುತ್ತದೆ. ಕಾಲು ಸೂಪ್ ತಣ್ಣಗಾದಾಗ ಜೆಲ್ಲಿ ಹಾಗೆ ನಿಲ್ಲುತ್ತದಲ್ವಾ, ಅದೇ ಪದಾರ್ಥ. ಆದರೆ ಇದು ತಾಸುಗಟ್ಟಲೆ ಹಿಡಿಯುವ ಕೆಲಸ. ಒಳಗಿನ ಶಾಖ 90ರಿಂದ 95 ಡಿಗ್ರಿಗೆ ಮುಟ್ಟಿ, ಅಲ್ಲೇ ಸ್ವಲ್ಪ ಹೊತ್ತು ನಿಂತರೆ ಮಾತ್ರ ಬ್ರಿಸ್ಕೆಟ್ ಬಿಡಿಸಿಕೊಳ್ಳುತ್ತದೆ.

ಹಡಗಿನ ಅಡುಗೆಮನೆಯಲ್ಲಿ ನಾನು ಹೊಸಬನಾಗಿದ್ದಾಗ ಇದೇ ತಪ್ಪು ಮಾಡಿದ್ದೆ. ಗಡಿಯಾರ ನೋಡಿ ತಟ್ಟೆ ಹೊರಗೆ ತೆಗೆದಿಟ್ಟೆ. ಚೀಫ್ ಕುಕ್ ಬಂದು ಫೋರ್ಕ್ ಚುಚ್ಚಿ ಅರ್ಧ ಸುತ್ತು ತಿರುಗಿಸಿದರು. ಇಡೀ ತುಂಡೇ ಫೋರ್ಕಿನ ಜೊತೆ ತಿರುಗಿತು. ಏನೂ ಮಾತಾಡದೆ ತಟ್ಟೆಯನ್ನು ಮತ್ತೆ ಒಲೆಯೊಳಗೆ ತಳ್ಳಿದರು. ಎರಡೂವರೆ ತಾಸು ಕಳೆದು ಮತ್ತೆ ಚುಚ್ಚಿದಾಗ ಫೋರ್ಕ್ ಮಾತ್ರ ತಿರುಗಿತು, ತುಂಡು ಅಲ್ಲೇ ಇತ್ತು. ಎಳೆಗಳು ಬದಿಗೆ ಸರಿದು, ಮಧ್ಯದಲ್ಲಿ ಸಣ್ಣ ಗುಂಡಿಯಲ್ಲಿ ಅಂಟಂಟು ರಸ ತುಂಬಿಕೊಂಡಿತು. ಅದಾದ ಮೇಲೆ ನಾನು ಈ ಮಾಂಸಕ್ಕೆ ಗಡಿಯಾರ ನಂಬಿಲ್ಲ. ನೀವೂ ಫೋರ್ಕ್ ನಂಬಿ.

ಇನ್ನೊಂದು ಕಾರಣ ಇದೆ. ಯಾವ ವಿಡಿಯೊದಲ್ಲೂ ಇದನ್ನು ಹೇಳಲ್ಲ. ನಿಮ್ಮ ಮನೆಯ ವೋಲ್ಟೇಜ್. ಗುಂಡಿ ತಿರುಗಿಸುವ ಸಾದಾ ಸ್ಲೋ ಕುಕ್ಕರ್ ಒಳಗೆ ಇರುವುದು ಬರೀ ಒಂದು ಹೀಟಿಂಗ್ ಕಾಯಿಲ್. 230 ವೋಲ್ಟ್ ಬರಬೇಕಾದಲ್ಲಿ 170 ಬಂದರೆ ಶಾಖ ಕಾಲುಭಾಗ ಕಡಿಮೆಯಾಗುತ್ತೆ ಅಂತ ಅನಿಸಬಹುದು. ಹಾಗಲ್ಲ. ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯುತ್ತದೆ. ಸಂಜೆ ಬಲ್ಬು ಮಂಕಾಗುವ, ಫ್ಯಾನು ಆಲಸಿ ತಿರುಗುವ ಮನೆಯಲ್ಲಿ ಎಂಟು ತಾಸಿನ ಲೋ ಅಂದರೆ ಬೆಚ್ಚಗೆ ಇಟ್ಟ ಹಾಗೆ ಅಷ್ಟೆ. ಅದು ಬೇಯಿಸುವುದಲ್ಲ. ಅಂಥ ಮನೆಯವರು ಬೆಳಿಗ್ಗೆ ಶುರು ಮಾಡಿ, ಹೈನಲ್ಲೇ ಬೇಯಿಸಿ. ಲೋ ಮತ್ತು ಹೈ ಕೊನೆಗೆ ಮುಟ್ಟುವ ಶಾಖ ಬಹುತೇಕ ಒಂದೇ, ಮುಟ್ಟಲು ಹಿಡಿಯುವ ಹೊತ್ತು ಮಾತ್ರ ಬೇರೆ.

ನಾನು ಮಾಡುವ ರೀತಿ ಹೇಳುತ್ತೇನೆ. ಅಂಗಡಿಯಲ್ಲಿ ಕಡಿಯಲು ಬಿಡಬೇಡಿ. ನಮ್ಮ ಕಡೆ ಕೇಳುವ ಮೊದಲೇ ಕತ್ತಿ ಬೀಸಿ ಸಾರಿನ ತುಂಡು ಮಾಡಿಬಿಡುತ್ತಾರೆ. ಒಂದು, ಒಂದೂವರೆ ಕಿಲೋದ ಇಡೀ ತುಂಡು ಬೇಕು, ಒಂದು ಬದಿಯ ಕೊಬ್ಬು ಹಾಗೇ ಇರಲಿ ಅಂತ ಹೇಳಿ ಎದುರಿಗೇ ನಿಂತುಕೊಳ್ಳಿ. ಹಿಂದಿನ ರಾತ್ರಿ ಕಿಲೋಗೆ 12 ಗ್ರಾಂ ಉಪ್ಪು ಸವರಿ ಫ್ರಿಜ್ಜಿನಲ್ಲಿಡಿ. 12 ಗ್ರಾಂ ಅಂದರೆ ಮಟ್ಟಸ ಎರಡು ಟೀ ಚಮಚ. ಬೆಳಿಗ್ಗೆ ಕಬ್ಬಿಣದ ಬಾಣಲೆಯಲ್ಲಿ ಎರಡೂ ಬದಿ ಚೆನ್ನಾಗಿ ಕಂದಿಸಿ. ಕಂದಿಸಿದರೆ ರಸ ಒಳಗೇ ಬೀಗ ಹಾಕಿಕೊಳ್ಳುತ್ತದೆ ಅನ್ನುತ್ತಾರೆ. ಅದು ಸುಳ್ಳು. 19ನೇ ಶತಮಾನದಲ್ಲಿ ಲೀಬಿಗ್ ಎಂಬ ಜರ್ಮನ್ ರಸಾಯನ ವಿಜ್ಞಾನಿ ಹಾಗೆ ನಂಬಿದ್ದ, ಜನ ಇನ್ನೂ ಬಿಟ್ಟಿಲ್ಲ. ಕಂದಿಸುವುದು ರುಚಿಗೆ. ಆ ಕಂದು ಬಣ್ಣದ ರುಚಿ ಸ್ಲೋ ಕುಕ್ಕರ್ ತಾನಾಗಿ ಕೊಡಲಾರದು.

ಕೆಳಗೆ ಈರುಳ್ಳಿ ಹಾಸಿ, ಮೇಲೆ ಮಾಂಸ, ಅದರ ಕೊಬ್ಬಿನ ಬದಿ ಮೇಲೆ. ನೀರು ಅರ್ಧ ಲೋಟ ಸಾಕು. ಇದನ್ನು ಎಷ್ಟು ಸಲ ಬರೆದರೂ ಎರಡು ಲೀಟರ್ ಸುರಿಯುತ್ತಾರೆ. ಮುಚ್ಚಳ ಮುಚ್ಚಿದ ಕುಕ್ಕರಿನಿಂದ ಆವಿ ಹೊರಗೆ ಹೋಗುವುದು ತೀರಾ ಕಡಿಮೆ. ಮಾಂಸವೇ ಲೋಟಗಟ್ಟಲೆ ರಸ ಬಿಡುತ್ತದೆ. ಮೊದಲ ಒಂದೂವರೆ ತಾಸು ಹೈ. ಬದಿಯಲ್ಲಿ ಸಣ್ಣ ಗುಳ್ಳೆ ಏಳಲು ಶುರುವಾದ ಮೇಲೆ ಲೋ. ನಮ್ಮ ಎಮ್ಮೆ ಮಾಂಸಕ್ಕೆ ನನಗೆ 10ರಿಂದ 12 ತಾಸು ಹಿಡಿದಿದೆ. ಒಂಬತ್ತನೇ ತಾಸಿನವರೆಗೆ ಮುಚ್ಚಳ ಮುಟ್ಟಬೇಡಿ. ಒಂದು ಸಲ ತೆಗೆದರೆ ಕಳೆದ ಶಾಖ ಮತ್ತೆ ಬರಲು ಇಪ್ಪತ್ತು ಮೂವತ್ತು ನಿಮಿಷ ಬೇಕು. ಆಮೇಲೆ ಫೋರ್ಕ್ ಚುಚ್ಚಿ, ತಿರುಗಿಸಿ ನೋಡಿ. ಫೋರ್ಕಿನ ಜೊತೆ ತುಂಡೂ ತಿರುಗಿದರೆ ಮುಚ್ಚಿ, ಮತ್ತೊಂದು ತಾಸು.

ಬೆಂದ ಕೂಡಲೇ ಕೊಯ್ಯಬೇಡಿ, ಪುಡಿಯಾಗುತ್ತದೆ. ತುಂಡನ್ನು ರಸದ ಜೊತೆಗೇ ಅಗಲ ಪಾತ್ರೆಗೆ ತೆಗೆಯಿರಿ. ಆ ಪಾತ್ರೆಯನ್ನು ತಣ್ಣೀರಿನ ಬೇಸಿನ್ನಿನಲ್ಲಿಟ್ಟು ಬಿಸಿ ಇಳಿಸಿ, ಎರಡು ತಾಸಿನ ಒಳಗೆ ಫ್ರಿಜ್ಜಿಗೆ ಸೇರಿಸಿ. ಮರುದಿನ ಕೊಬ್ಬು ಮೇಲೆ ಬಿಳಿ ಪದರವಾಗಿ ನಿಂತಿರುತ್ತದೆ, ಎತ್ತಿ ತೆಗೆಯಿರಿ. ತಣ್ಣಗಿನ ತುಂಡನ್ನು ನಾರಿಗೆ ಅಡ್ಡವಾಗಿ, ಪೆನ್ಸಿಲ್ ದಪ್ಪಕ್ಕೆ ಕೊಯ್ದು ಅದೇ ರಸದಲ್ಲಿ ಕುದಿ ಬರುವಷ್ಟು ಬಿಸಿ ಮಾಡಿ. ನಾರಿನ ಉದ್ದಕ್ಕೆ ಕೊಯ್ದರೆ 12 ತಾಸು ಬೆಂದ ಮಾಂಸವೂ ಹಲ್ಲಿಗೆ ಸಿಕ್ಕಿಕೊಳ್ಳುತ್ತದೆ. ಬೆಂದ ಮೇಲೆ ನಾರು ಯಾವ ಕಡೆ ಅಂತ ಗೊತ್ತಾಗಲ್ಲ. ಹಸಿ ಇರುವಾಗಲೇ ಒಂದು ಮೂಲೆಯನ್ನು ಅಡ್ಡ ಕೊಯ್ದು ಗುರುತು ಇಟ್ಟುಕೊಳ್ಳಿ. ತೆಂಗಿನ ಮಸಾಲೆ, ತೆಂಗಿನ ಹಾಲು ಏನಿದ್ದರೂ ಈ ಕೊನೆಯ ಬಿಸಿಗೆ. ಬೆಳಿಗ್ಗೆಯೇ ಹಾಕಿದರೆ ಒಡೆದು ಎಣ್ಣೆ ಬಿಟ್ಟು, ಕಮಟು ಬರುತ್ತದೆ.

"ಪಪ್ಪಾಯಿ ಕಾಯಿ ಅರೆದು ರಾತ್ರಿಯಿಡೀ ಹಚ್ಚಿಟ್ಟೆ. ಮೇಲೆ ಹಿಟ್ಟು, ಒಳಗೆ ಗಟ್ಟಿ. ಯಾಕೆ?" (ಅಂಕೋಲಾ)

ಪಪ್ಪಾಯಿಯ ರಸ ಮಾಂಸದೊಳಗೆ ಇಳಿಯುವುದಿಲ್ಲ, ಮೇಲಿನ ಪದರವನ್ನಷ್ಟೇ ತಿನ್ನುತ್ತದೆ. ಅದರ ಕೆಲಸ ಜೋರಾಗಿ ನಡೆಯುವುದು 50ರಿಂದ 70 ಡಿಗ್ರಿಯಲ್ಲಿ. ಕಬಾಬ್ ಕೆಂಡದ ಮೇಲೆ ಆ ಶಾಖವನ್ನು ಬೇಗ ದಾಟಿಬಿಡುತ್ತದೆ. ಸ್ಲೋ ಕುಕ್ಕರ್ ಅಲ್ಲೇ ತಾಸುಗಟ್ಟಲೆ ನಿಲ್ಲುತ್ತದೆ. ಮೇಲ್ಭಾಗ ಹಿಟ್ಟಾಗದೆ ಇನ್ನೇನಾಗುತ್ತೆ? ಪಪ್ಪಾಯಿ ಕಬಾಬಿಗೆ ಇರಲಿ.

"ಅಡಿಕೆ ಹೋಳು ಹಾಕಿದರೆ ಬೇಗ ಬೇಯುತ್ತದೆ ಅಂತಾರೆ ಹಿರಿಯರು." (ಶಿರಸಿ)

ಬೇಯಲ್ಲ. ಅಡಿಕೆಯಲ್ಲಿ ಇರುವುದು ಒಗರು, ಚರ್ಮ ಹದ ಮಾಡುವವರು ಬಳಸುವ ಜಾತಿಯ ಒಗರು. ಅದರಿಂದ ಮಾಂಸ ಯಾಕೆ ಮೆತ್ತಗಾಗಬೇಕು? ಸ್ಟೀಲ್ ಚಮಚ, ಪಿಂಗಾಣಿ ಚೂರು, ತೆಂಗಿನ ಚಿಪ್ಪು ಹಾಕುವವರಿಗೂ ಇದೇ ಉತ್ತರ. ಇನ್ನು 'ಐದು ನಿಮಿಷದಲ್ಲಿ ಮೆತ್ತಗೆ' ಅಂತ ಹೆಸರಿಲ್ಲದ ಬಿಳಿ ಪುಡಿ ಪೊಟ್ಟಣ ಮಾರುವವರಿದ್ದಾರೆ. ಒಳಗೆ ಏನಿದೆ ಅಂತ ಬರೆಯದ ಪುಡಿಯನ್ನು ಮಕ್ಕಳು ಉಣ್ಣುವ ಅಡುಗೆಗೆ ಹಾಕಬೇಡಿ. ದಯವಿಟ್ಟು.

"ರಾತ್ರಿ ಇಟ್ಟು ಮಲಗಿದ್ದೆವು. ನಡುವೆ ಕರೆಂಟು ಹೋಗಿತ್ತಂತೆ, ಎಷ್ಟು ಹೊತ್ತು ಗೊತ್ತಿಲ್ಲ. ಚೆನ್ನಾಗಿ ಕುದಿಸಿ ತಿಂದರೆ ಆಗುತ್ತಲ್ವಾ?" (ಹೊನ್ನಾವರ)

ಆಗಲ್ಲ. ಚೆಲ್ಲಿ. ಕಿಲೋ ಮಾಂಸದ ಬೆಲೆ ನನಗೂ ಗೊತ್ತು, ನಾನೂ ಒಮ್ಮೆ ಜುಲೈ ತಿಂಗಳಲ್ಲಿ ಇಡೀ ಪಾತ್ರೆ ಚೆಲ್ಲಿದ್ದೇನೆ. ಬಿಸಿ ಇಳಿದು 60 ಡಿಗ್ರಿಗಿಂತ ಕೆಳಗೆ ತಾಸುಗಟ್ಟಲೆ ನಿಂತ ಮಾಂಸದಲ್ಲಿ ಬ್ಯಾಕ್ಟೀರಿಯಾ ಬೆಳೆಯುತ್ತದೆ. ಕುದಿಸಿದರೆ ಬ್ಯಾಕ್ಟೀರಿಯಾ ಸಾಯಬಹುದು. ಕೆಲವು ಬಿಟ್ಟುಹೋದ ವಿಷ ಕುದಿಸಿದರೂ ಹೋಗುವುದಿಲ್ಲ. ವಾಸನೆ, ರುಚಿ ಏನೂ ಹೇಳಲ್ಲ. ಗುಂಡಿಯ ಕುಕ್ಕರಿನಲ್ಲಿ ಇನ್ನೂ ಒಂದು ಅಪಾಯ: ಕರೆಂಟು ಬಂದ ಕೂಡಲೇ ತಾನಾಗಿ ಮತ್ತೆ ಬಿಸಿಯಾಗುತ್ತದೆ, ಹೋಗಿದ್ದೇ ನಿಮಗೆ ತಿಳಿಯಲ್ಲ. ಡಿಜಿಟಲ್ ಆದರೆ ಹೆಚ್ಚಿನವು ಆಫ್ ಆಗಿಯೇ ಉಳಿಯುತ್ತವೆ. ಮಳೆಗಾಲದಲ್ಲಿ ರಾತ್ರಿ ಇಡಲೇಬೇಡಿ. ಹಗಲು, ನೀವು ಮನೆಯಲ್ಲಿರುವಾಗ ಇಡಿ. ಕರೆಂಟು ಹೋದದ್ದು ಕಂಡರೆ ಆಗಲೇ ದಪ್ಪ ತಳದ ಪಾತ್ರೆಗೆ ಸುರಿದು, ಸ್ವಲ್ಪ ಬಿಸಿನೀರು ಸೇರಿಸಿ, ಗ್ಯಾಸಿನ ಸಣ್ಣ ಉರಿಯಲ್ಲಿ ಮುಗಿಸಿ. ಏನೂ ಕೆಡಲ್ಲ.

ಫ್ರೀಜರಿನಿಂದ ತೆಗೆದ ಕಲ್ಲಿನಂಥ ತುಂಡನ್ನು ನೇರ ಕುಕ್ಕರಿಗೆ ಹಾಕುವವರಿಗೂ ಇದೇ ಮಾತು. ಮೊದಲು ಫ್ರಿಜ್ಜಿನೊಳಗೆ ಪೂರ್ತಿ ಕರಗಲಿ.

"ಪ್ರೆಶರ್ ಕುಕ್ಕರಿನಲ್ಲಿ ಮಾಡಿದರೆ ಸಾಲದಾ?" (ಕುಮಟಾ)

ಸಾಕು. ಸೀಟಿ ಎಣಿಸಬೇಡಿ, ಸಣ್ಣ ಉರಿಯಲ್ಲಿ ಒಂದು ತಾಸು ಎಣಿಸಿ, ಪ್ರೆಶರ್ ತಾನಾಗಿ ಇಳಿಯಲಿ.

"ಆಲೂಗಡ್ಡೆ ಗಟ್ಟಿ, ಮಾಂಸ ಮೆತ್ತಗೆ. ಇದ್ಯಾಕೆ?" (ದಾಂಡೇಲಿ)

ಸ್ಲೋ ಕುಕ್ಕರಿನಲ್ಲಿ ಗಡ್ಡೆ ಬೇಯುವುದೇ ನಿಧಾನ. ಮಾಂಸದ ಮೇಲಲ್ಲ, ತಳದಲ್ಲಿ ಹಾಕಿ. ಹುಣಸೆಹುಳಿ, ವಿನೆಗರ್ ಬಿದ್ದಿದ್ದರೆ ಇನ್ನೂ ನಿಧಾನ. ಹುಳಿಯನ್ನು ಕೊನೆಗೆ ಹಾಕಿ.

"ನಾವು ಮಾಂಸ ತಿನ್ನಲ್ಲ. ರಾಜ್ಮಾ ಇದರಲ್ಲಿ ರಾತ್ರಿ ಇಟ್ಟರೆ ಬೆಳಿಗ್ಗೆಗೆ ಆಗುತ್ತಾ?" (ಸಿದ್ದಾಪುರ)

ಹಸಿ ರಾಜ್ಮಾ ನೇರವಾಗಿ ಹಾಕಲೇಬಾರದು. ಅದರಲ್ಲಿ ಸಹಜವಾಗಿಯೇ ಒಂದು ವಿಷ ಇದೆ. ಸ್ಲೋ ಕುಕ್ಕರಿನ ಮಂದ ಬಿಸಿಗೆ ಅದು ಹೋಗದೆ ಹೆಚ್ಚಲೂಬಹುದು. ವಾಂತಿ ಭೇದಿ ಆಗಬಹುದು. ರಾತ್ರಿ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಹತ್ತು ನಿಮಿಷ ಕೊತಕೊತ ಕುದಿಸಿ, ಆಮೇಲೆ ಕುಕ್ಕರಿಗೆ ಹಾಕಿ. ಪ್ರೆಶರ್ ಕುಕ್ಕರ್ ಇದ್ದರೆ ಅದೇ ಒಳ್ಳೆಯದು.

"ಅಮೆರಿಕದಿಂದ ಮಗಳು ತಂದಿದ್ದಾಳೆ. ಪಿನ್ ಬದಲಾಯಿಸಿದರೆ ಸಾಕಾ?" (ಕಾರವಾರ)

ಸಾಲದು. ಅಲ್ಲಿ 120 ವೋಲ್ಟ್, ಇಲ್ಲಿ 230. ಪಿನ್ ಬದಲಾಯಿಸಿ ಚುಚ್ಚಿದರೆ ಶಾಖ ಸುಮಾರು ನಾಲ್ಕು ಪಟ್ಟು, ಕಾಯಿಲ್ ಸುಟ್ಟುಹೋಗುತ್ತದೆ, ಬೆಂಕಿಯೂ ಹತ್ತಬಹುದು. ವೋಲ್ಟೇಜ್ ಇಳಿಸುವ ಟ್ರಾನ್ಸ್‌ಫಾರ್ಮರ್ ಬೇಕು. ಕುಕ್ಕರ್ ತಳದಲ್ಲಿ ಬರೆದ ವಾಟ್ಸ್‌ಗಿಂತ ಅದರ ಸಾಮರ್ಥ್ಯ ದೊಡ್ಡದಿರಲಿ. ದುಬೈಯದ್ದಾದರೆ ವೋಲ್ಟೇಜ್ ನಮ್ಮದೇ, ಪಿನ್ ಮಾತ್ರ ಬೇರೆ. ಭಟ್ಕಳದವರು ಆ ಬಗ್ಗೆ ಹೆದರಬೇಕಿಲ್ಲ.